ಗುಂಡಣ್ಣನ ನೆತ್ತಿಯ ಮುಳ್ಳು

ಪುಟ್ಟಿಗೆ ಇಪ್ಪತ್ತೈದು ದಾಟಿದ್ದರೂ ಮನೆಯಲ್ಲೂ ಪುಟ್ಟಿಯೇ, ಕೆಲಸದಲ್ಲೂ ಪುಟ್ಟಿಯೇ. ಯಾಕೆಂದರೆ ಎರಡೂ ಕಡೆ ಯಜಮಾನರು ಒಬ್ಬರೇ, ಅವಳ ಸೋದರಮಾವ. ಬೆಳಿಗ್ಗೆ ಅವರ ಕಾರಿನಲ್ಲಿ ಹೊರಟು, ಹಗಲೆಲ್ಲ ಅವರ ಕಣ್ಣಳತೆಯಲ್ಲಿ ಕೂತು, ಸಂಜೆ ಅದೇ ಕಾರಿನಲ್ಲಿ ಅವರ ಮನೆಗೇ ಮರಳುವುದು. ಅಪ್ಪ ಹೋದಮೇಲೆ ಓದಿಸಿದವರು ಅವರು. ಓದು ಮುಗಿದಮೇಲೆ ತಮ್ಮ ಕೈಕೆಳಗೆ ಕೆಲಸ ಕೊಡಿಸಿದವರೂ ಅವರೇ. “ಮಾವ ಹಾಕಿದ ಗೆರೆ ದಾಟಬೇಡ ಕಣೇ,” ಎಂದು ಅಮ್ಮ ಫೋನಿನಲ್ಲಿ ಪ್ರತಿ ಸಲ ಹೇಳುತ್ತಿದ್ದಳು.

ಪುಟ್ಟಿಯ ಕೆಲಸವೋ, ಗೆರೆ ಎಳೆಯುವುದೇ. ಸಸ್ಯೋದ್ಯಾನದ ಕಳ್ಳಿ ವಿಭಾಗಕ್ಕೆ ಮಾವ ಮುಖ್ಯಸ್ಥರು. ಅಲ್ಲಿನ ಗಾಜಿನ ಮನೆಯ ಗಿಡಗಳನ್ನು ಕೂದಲೆಳೆಯಷ್ಟೂ ತಪ್ಪದಂತೆ ಇಂಕಿನಲ್ಲಿ ಬರೆಯುವವಳು ಇವಳು. ಗಿಡ ಯಾವ ಕುಲದ್ದು, ಯಾವ ಪ್ರಭೇದ ಎಂದು ಮಾವ ಬರೆದರೆ, ಹೌದು, ಹಾಗೇ ಇದೆ ಎಂದು ಸಾಕ್ಷಿ ಹೇಳುವುದು ಇವಳ ಚಿತ್ರ. ಅದಕ್ಕೇ ಚಿತ್ರದ ಕೆಳಗೆ ಬರೆದವರ ಸಹಿ ಇರಬೇಕೆಂಬ ನಿಯಮ.

ಆ ಸಣ್ಣ ಕಳ್ಳಿ ಸಿಕ್ಕಿದ್ದು ಗಾಜಿನ ಮನೆಯ ಹಿಂದಿನ ಉಗ್ರಾಣದಲ್ಲಿ. ಒಡೆದ ಕುಂಡಗಳ ಹಿಂದೆ, ಬೆಳಕು ಇಣುಕಲೂ ನಾಚುವಂಥ ಮೂಲೆಯಲ್ಲಿ, ಸೋರುವ ಕೊಳಾಯಿಯ ಹನಿ ಕುಡಿದುಕೊಂಡು ಎಷ್ಟು ವರ್ಷದಿಂದ ಬದುಕಿತ್ತೋ. ಹೆಸರಿನ ಚೀಟಿ ಇರಲಿಲ್ಲ. ಪುಟ್ಟ ಪೀಪಾಯಿಯಂಥ ಮೈ, ಮೈತುಂಬ ಉಬ್ಬುಗೆರೆಯಂಥ ಏಣು, ಏಣಿನುದ್ದಕ್ಕೂ ಉಣ್ಣೆಯ ಚುಕ್ಕೆ, ಚುಕ್ಕೆಗೊಂದು ಮುಳ್ಳಿನ ಗೊಂಚಲು. “ಗುಂಡಣ್ಣ ಬಂದ ನೋಡಿ,” ಎಂದು ಮಾಲಿ ಕುಂಡ ಎತ್ತಿಕೊಂಡು ಬಂದಿದ್ದ. ಆ ಹೆಸರೇ ನಿಂತಿತು.

ಚಿತ್ರ ಬರೆಯಲು ಬೆಳಕು ಬೇಕೆಂದು ಪುಟ್ಟಿ ಅದನ್ನು ಕಿಟಕಿಯ ಪಕ್ಕದ ತನ್ನ ಮೇಜಿನ ಮೇಲಿಟ್ಟುಕೊಂಡಳು. ಬಿಸಿಲು ಕಂಡದ್ದೇ ತಡ, ಗುಂಡಣ್ಣ ನೆತ್ತಿಯ ಮೇಲೆ ಹಳದಿ ಹೂ ಬಿಟ್ಟ. ರೇಷ್ಮೆಯಂಥ ಹೂ, ಮಧ್ಯಾಹ್ನ ಅರಳಿ, ಸಂಜೆಗೆ ಮುದುಡಿಕೊಳ್ಳುತ್ತಿತ್ತು. ಮಾವ ಒಂದು ಹೂ ಕಿತ್ತು ಉದ್ದಕ್ಕೆ ಸೀಳಿ ನೋಡಿದರು. ಒಳಗಿನದೆಲ್ಲ ಪುಸ್ತಕದಲ್ಲಿದ್ದ ಒಂದು ಹಳೆಯ ಪ್ರಭೇದದ ಹಾಗೇ. ಆದರೆ ಆ ಪ್ರಭೇದಕ್ಕೆ ಪ್ರತಿ ಗೊಂಚಲಿನ ನಡುವೆ ಒಂದು ದಪ್ಪ ಕೊಕ್ಕೆಮುಳ್ಳು ಇರಬೇಕು. ಗುಂಡಣ್ಣನ ಮುಳ್ಳೆಲ್ಲ ಬೆಕ್ಕಿನ ಮೀಸೆಯಂತೆ ತೆಳ್ಳಗೆ, ನೆಟ್ಟಗೆ.

“ಹೊಸದು!” ಎಂದರು ಮಾವ. “ಇಡೀ ಜೀವಮಾನ ಬೇರೆಯವರು ಹೆಸರಿಟ್ಟ ಗಿಡಕ್ಕೆ ನೀರು ಹಾಕಿದ್ದೇ ಆಯ್ತು ಪುಟ್ಟಿ. ಇದಕ್ಕೆ ಹೆಸರಿಡೋನು ನಾನು.”

ಅವರು ನಿವೃತ್ತರಾದ ಕೂಡಲೇ ವಿಭಾಗಕ್ಕೆ ಬೀಗ ಹಾಕುವುದೆಂದು ಮೇಲಿನವರು ತೀರ್ಮಾನಿಸಿದ್ದರು. ಹೊಸ ಪ್ರಭೇದವೊಂದು ಇಲ್ಲೇ ಸಿಕ್ಕಿತೆಂದರೆ ಹಾಗೆ ಬೀಗ ಜಡಿಯಲಾಗದು. ವಿಭಾಗ ಉಳಿದರೆ ಪುಟ್ಟಿಯ ಕೆಲಸವೂ ಉಳಿಯುತ್ತದೆ. ಸಸ್ಯಶಾಸ್ತ್ರದ ಪತ್ರಿಕೆಗೆ ಕಳಿಸಲು ಮಾವ ಗಿಡದ ವಿವರಣೆ ಬರೆದು ಮುಗಿಸಿದರು. ಉಳಿದದ್ದು ಚಿತ್ರ ಮಾತ್ರ. ಬುಡ ಬರೆದು, ಏಣು ಬರೆದು, ಕೊನೆಗೆ ನೆತ್ತಿಗೆ ಬಂದ ದಿನ ಪುಟ್ಟಿಯ ಲೇಖನಿ ನಿಂತಿತು.

“ಮಾವ, ಒಂಚೂರು ಇಲ್ಲಿ ನೋಡ್ತೀರಾ?”

“ಏನೇ ಮತ್ತೆ?”

“ನೆತ್ತಿ ಮೇಲೆ ಹೊಸದಾಗಿ ಬರ್ತಿರೋ ಮುಳ್ಳು ದಪ್ಪ ಇದೆ. ತುದಿ ಕೊಕ್ಕೆ ಆಗಿದೆ.”

ಮಾವ ಬಗ್ಗಿ ನೋಡಿದರು. ಅಗತ್ಯಕ್ಕಿಂತ ಹೆಚ್ಚು ಹೊತ್ತು ನೋಡಿದರು. “ಎಳೇದು. ಬೆಳೀತಾ ಬೆಳೀತಾ ನೆಟ್ಟಗಾಗುತ್ತೆ.”

“ಮುಳ್ಳು ಬಲಿತ ಮೇಲೂ ಕೊಕ್ಕೆ ಕೊಕ್ಕೇನೇ ಅಂತ ನೀವೇ ಹೇಳಿಕೊಟ್ಟಿದ್ದು.”

“ಗುರುವಿಗೇ ತಿರುಮಂತ್ರ! ಭೇಷ್.”

ಪುಟ್ಟಿಗೆ ಕಿವಿ ಬಿಸಿಯಾಯಿತು. ಆದರೂ ಮೇಜಿನ ಅಂಚನ್ನು ನೋಡಿಕೊಂಡೇ ಹೇಳಿದಳು: “ಕತ್ತಲಲ್ಲಿದ್ದು ಇದರ ಮೈ ಉದ್ದ ಎಳ್ಕೊಂಡಿದೆ, ಮುಳ್ಳು ಸಣ್ಣಗಾಗಿದೆ. ಈಗ ಬಿಸಿಲು ಬಿತ್ತಲ್ಲ, ತನ್ನ ನಿಜವಾದ ಮುಳ್ಳು ಬಿಡ್ತಿದೆ. ಇದು ಆ ಹಳೇ ಪ್ರಭೇದನೇ ಮಾವ.”

ಮಾವ ಬಾಗಿಲ ಕಡೆ ನೋಡಿದರು. ಯಾರೂ ಇರಲಿಲ್ಲ. “ಈ ಮಾತು ಇಲ್ಲಿಗೇ ಬಿಡು. ನಾಳೆ ನೋಡೋಣ,” ಎಂದು ಮೆಲ್ಲಗೆ ಹೇಳಿ ತಮ್ಮ ಕೋಣೆಗೆ ಹೋದರು. ಗಾಜಿನ ಗೋಡೆಯಾಚೆ ಅವರ ಬೆನ್ನು ಕಾಣುತ್ತಿತ್ತು.

ಸಂಜೆ ಊಟದ ಮೇಜಿನಲ್ಲಿ ಅತ್ತೆಗೆ ನೆಲದ ಮೇಲೆ ಕಾಲೇ ನಿಲ್ಲುತ್ತಿರಲಿಲ್ಲ. ಗಿಡಕ್ಕೆ ಮಾವ ಇಡಲಿದ್ದದ್ದು ಅತ್ತೆಯ ಹೆಸರನ್ನು.

“ಅಲ್ಲ, ನನ್ನ ಹೆಸರು ಮುಂದೆ ಬರುತ್ತೋ, ಹಿಂದೆ ಬರುತ್ತೋ?”

“ಮೊದಲು ಕುಲದ ಹೆಸರು. ನಿನ್ನದು ಹಿಂದೆ,” ಎಂದರು ಮಾವ.

“ಅಲ್ಲೂ ಹಿಂದೇನೇ! ಮದುವೆ ಆದಾಗಿಂದ ನಿಮ್ಮ ಹಿಂದೆ ಬಂದಿದ್ದು ಸಾಲದು ಅಂತ ಈಗ ಕಳ್ಳಿ ಹಿಂದೆ ಬೇರೆ.” ಅತ್ತೆ ನಕ್ಕು ಪುಟ್ಟಿಯ ತಟ್ಟೆಗೆ ಇನ್ನಷ್ಟು ಬಡಿಸಿದರು. “ಮುಳ್ಳಿರೋ ಗಿಡಕ್ಕೆ ನನ್ನ ಹೆಸರು ಯಾಕೆ ಸರಿಹೋಯ್ತು ಅಂತ ಮಾತ್ರ ಕೇಳ್ಬೇಡ ಪುಟ್ಟಿ. ಎದುರು ಮನೆಯಾಕೆಗೂ ಹೇಳಿದೆ. ಬಾಯಿ ಬಿಟ್ಕೊಂಡು ಕೇಳಿದ್ಲು.”

ಪುಟ್ಟಿ ಅನ್ನ ಕಲಸುತ್ತಲೇ ಇದ್ದಳು. ಜ್ವರ ಬಂದಾಗ ಹಣೆಗೆ ಒದ್ದೆ ಬಟ್ಟೆ ಹಾಕಿದವರು, ಪರೀಕ್ಷೆಯ ದಿನ ಬಾಗಿಲ ತನಕ ಬಂದು ಕಳಿಸಿದವರು ಈ ಅತ್ತೆ. ಹೇಳಿದರೆ ಅತ್ತೆಯ ಮುಖ ಬಾಡುತ್ತದೆ, ಹೇಳದಿದ್ದರೆ ತನ್ನ ಕೈ ಸುಳ್ಳಾಗುತ್ತದೆ. ಅತ್ತ ದರಿ, ಇತ್ತ ಪುಲಿ. ನಡುವೆ ಬಿಸಿ ಅನ್ನದ ತಟ್ಟೆ.

ಮರುದಿನ ಬೆಳಿಗ್ಗೆ ಮಾವ ಅವಳಿಗಿಂತ ಮುಂಚೆ ಒಳಗೆ ಹೋಗಿದ್ದರು. ಪುಟ್ಟಿ ಚೀಲ ಇಟ್ಟು ಕೂರುವಷ್ಟರಲ್ಲಿ ಗುಂಡಣ್ಣನ ನೆತ್ತಿ ಬೋಳಾದಂತೆ ಕಂಡಿತು. ಲೆನ್ಸ್ ಹಿಡಿದಳು. ಕೊಕ್ಕೆಗಳಿರಲಿಲ್ಲ. ದಪ್ಪ ಮುಳ್ಳಿನ ಮೋಟುಗಳಿದ್ದವು. ಒಂದೊಂದರ ತುದಿಯೂ ಚಪ್ಪಟೆ, ಉಗುರು ಕತ್ತರಿಸಿದ ಹಾಗೆ. ಮಾವನ ಬೀಗದ ಕೈ ಗೊಂಚಲಲ್ಲಿ ಯಾವಾಗಲೂ ಒಂದು ನೇಲ್‌ಕಟರ್ ತೂಗುತ್ತಿತ್ತು.

“ಇವತ್ತು ಮುಗಿಸಿಬಿಡು,” ಮಾವ ಹಿಂದೆ ಬಂದು ನಿಂತಿದ್ದರು. ಗದರಿಸಲಿಲ್ಲ. ಗದರಿಸಿದ್ದರೆ ಸುಲಭವಿತ್ತು. “ಸಂಜೆ ಕಳಿಸಬೇಕು. ಆಮೇಲೆ ಇದನ್ನ ಉಗ್ರಾಣದಲ್ಲೇ ಇಡೋಣ. ಅದಕ್ಕೆ ಆ ಜಾಗ ಒಗ್ಗಿದೆ. ನಾನು ರಿಟೈರ್ ಆದಮೇಲೂ ನೀನಿರ್ತೀಯಲ್ಲ, ನೋಡ್ಕೋತೀಯ.”

ನೋಡಿಕೊಳ್ಳುವುದೆಂದರೆ ಏನೆಂದು ಪುಟ್ಟಿಗೆ ತಿಳಿಯಿತು. ಬಿಸಿಲು ತಾಗದಂತೆ ಕಾಯುವುದು. ನೋಡಲು ಬಂದವರನ್ನು ಹತ್ತಿರ ಬಿಡದಿರುವುದು. ಕೊಕ್ಕೆ ಮೂಡಿದಾಗಲೆಲ್ಲ ಕತ್ತರಿಸುವುದು. ಈ ಕಳ್ಳಿಗಳ ಆಯಸ್ಸು ಮನುಷ್ಯರ ಆಯಸ್ಸಿಗೆ ಕಡಿಮೆಯದಲ್ಲ.

“ಸರಿ ಮಾವ,” ಎಂದಳು. ಬಾಯಿಗೆ ಅದೊಂದೇ ಮಾತು ರೂಢಿ.

ಕೈಗೆ ಬೇರೆ ರೂಢಿಯಿತ್ತು. ಕಂಡದ್ದನ್ನು ಬರೆಯುವುದು ಬಿಟ್ಟು ಅದಕ್ಕೆ ಬೇರೇನೂ ಗೊತ್ತಿರಲಿಲ್ಲ. ಮೋಟಿದ್ದ ಕಡೆ ನೆಟ್ಟನೆಯ ಮುಳ್ಳು ಬರೆಯಲು ಲೇಖನಿ ಊರಿದರೆ ಬೆರಳು ಮರಗಟ್ಟುತ್ತಿತ್ತು. ಮಧ್ಯಾಹ್ನದ ಹೊತ್ತಿಗೆ ಅವಳು ಲೆನ್ಸಿಗೆ ಕಣ್ಣಿಟ್ಟು, ಕಂಡದ್ದನ್ನೇ ಬರೆಯತೊಡಗಿದಳು. ಉಣ್ಣೆಯ ಚುಕ್ಕೆ. ದಪ್ಪ ಮೋಟು. ಮೋಟಿನ ಚಪ್ಪಟೆ ತುದಿ, ಅದರ ನಡುವಿನ ಬಿಳಿ ಗುರುತು. ಮತ್ತೊಂದು ಮೋಟು. ನೇಲ್‌ಕಟರ್ ಜಾರಿದ ಒಂದೆಡೆ ಹಸಿರು ಚರ್ಮ ಗೀರಿತ್ತು. ಅದನ್ನೂ ಬರೆದಳು. ಆಮೇಲೆ, ಮನಸ್ಸು ಬದಲಾಗುವ ಮೊದಲೇ, ಕೆಳಗೆ ಸಹಿ ಹಾಕಿದಳು.

ಮಾವ ಹಾಳೆಯನ್ನು ಕಿಟಕಿಯ ಬಳಿ ಹಿಡಿದು ನೋಡಿದರು. ಬುಡ ನೋಡಿ ತಲೆಯಾಡಿಸಿದರು, ಹೂ ನೋಡಿ ತಲೆಯಾಡಿಸಿದರು. ನೆತ್ತಿಗೆ ಬಂದಾಗ ತಲೆ ನಿಂತಿತು.

“ಇದನ್ನ ಅಳಿಸು.”

“ಇಂಕು ಮಾವ.”

“ಬೇರೆ ಹಾಳೇಲಿ ಬರಿ ಹಾಗಾದ್ರೆ.”

“ಬರೆದ್ರೂ ಹೀಗೇ ಬರುತ್ತೆ.” ಅವಳ ಧ್ವನಿ ಅವಳಿಗೇ ಕೇಳಿಸದಷ್ಟು ಸಣ್ಣಗಿತ್ತು. “ನನ್ನ ಕೈಲಿ ಆಗಲ್ಲ.”

ಮಾವ ಕುರ್ಚಿ ಎಳೆದುಕೊಂಡು ಕೂತರು. ವಿವರಣೆಯಲ್ಲಿ ‘ಮುಳ್ಳು ನೆಟ್ಟಗೆ’ ಎಂದಿದೆ. ಚಿತ್ರದಲ್ಲಿ ಕತ್ತರಿಸಿದ ಗುರುತು. ಎರಡನ್ನೂ ಒಂದೇ ಲಕೋಟೆಯಲ್ಲಿ ಹಾಕಲಾಗದು. ಚಿತ್ರವಿಲ್ಲದೆ ಕಳಿಸಲಾಗದು. ಕಿಟಕಿಯ ಬಿಸಿಲು ಮೇಜು ದಾಟಿ ಗೋಡೆ ಹತ್ತಿತು.

“ನಿನ್ನ ಕೆಲಸಾನೂ ಹೋಗುತ್ತೆ, ಗೊತ್ತು ತಾನೇ?”

“ಗೊತ್ತು.”

“ಅತ್ತೆಗೆ ನೀನೇ ಹೇಳು. ನನ್ನ ಕೈಲಿ ಆಗಲ್ಲ,” ಎಂದರು ಮಾವ.

ಕಾರು ಮನೆಯ ಮುಂದೆ ನಿಂತಾಗ ಗೇಟಿನ ಬಳಿ ಅತ್ತೆ ಒಬ್ಬರೇ ಇರಲಿಲ್ಲ. ಎದುರು ಮನೆಯಾಕೆಯೂ ಇದ್ದರು. ಪುಟ್ಟಿಗೆ ಕಾರಿನಲ್ಲೇ ಅಡಗಿಬಿಡೋಣ ಅನಿಸಿತು. ಮಾವ ಡಿಕ್ಕಿಯಲ್ಲಿ ಇಲ್ಲದ ಏನನ್ನೋ ಹುಡುಕುತ್ತಿದ್ದರು.

“ಬಂದ್ರು ನೋಡಿ ನನಗೆ ಹೆಸರು ತರೋರು!” ಎಂದರು ಅತ್ತೆ. “ಕಳಿಸಿದ್ರಾ ಪುಟ್ಟಿ?”

“ಇಲ್ಲ ಅತ್ತೆ.”

“ಯಾಕೇ? ಮೋರೆ ಯಾಕೆ ಹಾಗಿದೆ?”

ಎದುರು ಮನೆಯಾಕೆ ಒಂದು ಹೆಜ್ಜೆ ಹತ್ತಿರ ಬಂದರು. ಪುಟ್ಟಿ ಚೀಲವನ್ನು ಎದೆಗೊತ್ತಿ ಹಿಡಿದು, ಒಂದೇ ಉಸಿರಿಗೆ ಹೇಳಿದಳು: “ಅದು ಹೊಸ ಗಿಡ ಅಲ್ಲ ಅತ್ತೆ. ಕತ್ತಲಲ್ಲಿದ್ದು ಹಾಗಾಗಿತ್ತು ಅಷ್ಟೇ. ಅದಕ್ಕೆ ಮೊದಲೇ ಒಂದು ಹೆಸರಿದೆ.”

ಅತ್ತೆ ಮಾವನ ಕಡೆ ನೋಡಿದರು. ಡಿಕ್ಕಿಯ ಮುಚ್ಚಳದ ಹಿಂದೆ ಮಾವನ ಕಾಲು ಮಾತ್ರ ಕಾಣುತ್ತಿತ್ತು. ಮತ್ತೆ ಪುಟ್ಟಿಯ ಕಡೆ ತಿರುಗಿದಾಗ ಅತ್ತೆಯ ಮುಖದಲ್ಲಿ ನಗು ಇನ್ನೂ ಪೂರ್ತಿ ಇಳಿದಿರಲಿಲ್ಲ, ಎಲ್ಲಿಗೆ ಇಳಿಯಬೇಕೆಂದು ತಿಳಿಯದೆ ತುಟಿಯಲ್ಲೇ ನಿಂತಿತ್ತು.

“ಹೆಸರಿದ್ಯಾ?” ಎಂದರು. “ಯಾರದೇ ಅದು?”