ಮಹಡಿ ಮೇಲಿನ ಕಣ

ನಮ್ಮ ಮನೆಯ ಮೇಲೆ ಇನ್ನೊಂದು ಕೋಣೆ ಏಳಬಾರದು ಎಂದು ಸೂರ್ಯನ ಪರವಾಗಿ ಹೇಳಲು ಬಂದವನು ಜಗನ್, ಎದುರು ಮನೆಯ ಮುನಿಆಂಜನಪ್ಪನವರ ಮೊಮ್ಮಗ. ಕೈಯಲ್ಲಿ ಫೋನು, ಫೋನಿನಲ್ಲಿ ನಮ್ಮ ಎರಡು ಮನೆಗಳ ಚಿತ್ರ, ಚಿತ್ರದ ಮೇಲೆ ಕಪ್ಪಗೆ ಸರಿದಾಡುವ ನೆರಳು.

"ನೋಡಿ ರಮ್ಯಕ್ಕಾ, ನಿಮ್ ಫ್ಲೋರ್ ಎದ್ರೆ ಡಿಸೆಂಬರಲ್ಲಿ ನಮ್ ಸೋಲಾರ್ ಪ್ಯಾನೆಲ್ ಮೇಲೆ ಮುಕ್ಕಾಲು ದಿನ ನೆರಳು. ಒಂದು ಮೂಲೆ ಮುಚ್ಚಿದ್ರೂ ಸಾಕು, ಇಡೀ ಸಾಲು ಡೌನ್ ಆಗತ್ತೆ."

"ಡಿಸೆಂಬರ್ ತಾನೇ? ಸ್ವೆಟರ್ ಹಾಕ್ಕೊಳ್ಳಿ" ಎಂದೆ.

ಅವನು ನಗಲಿಲ್ಲ. ಓದಿದ ಹುಡುಗ, ಒಳ್ಳೆಯ ಮಾತಿನವನು. "ಇಡೀ ಪ್ರಪಂಚ ಕಲ್ಲಿದ್ದಲು ಬಿಟ್ಟು ಈ ಕಡೆ ಬರ್ತಿದೆ ಅಕ್ಕಾ. ಜರ್ಮನೀಲಿ ಬಾಲ್ಕನಿಗೂ ಪ್ಯಾನೆಲ್ ನೇತಾಕ್ತಾರೆ. ನಾವೂ ಸ್ವಲ್ಪ ಯೋಚ್ನೆ ಮಾಡ್ಬೇಕಲ್ವಾ? ಬೇಕಿದ್ರೆ ನಿಮಗೆ ಏನಾದ್ರೂ ಪರಿಹಾರ ಕೊಡ್ತೀವಿ."

ನನಗೆ ಮೈಯೆಲ್ಲ ಉರಿದುಹೋಯಿತು. ಇವರ ಗದ್ದೆಯಿದ್ದ ಜಾಗದಲ್ಲಿ ಈಗ ಇವರದೇ ಬಾಡಿಗೆ ಕಟ್ಟಡ ನಿಂತಿದೆ. ಮನೆಗೊಂದು ಗೀಸರ್, ಕೋಣೆಗೊಂದು ಏಸಿ. ಅದರ ತಾರಸಿಯ ಮೇಲೆ ಮೊಬೈಲ್ ಟವರ್, ನೀರಿನ ಟ್ಯಾಂಕು, ಪ್ಯಾನೆಲಿಗೆ ಜಾಗವಿಲ್ಲ. ಆದ್ದರಿಂದ ತಾವಿರುವ ಒಂದೇ ಅಂತಸ್ತಿನ ಹಳೇ ಮನೆಯ ಮೇಲೆ ಹಾಕಿಸಿಕೊಂಡಿದ್ದಾರೆ. ಪ್ರಪಂಚದ ಕರೆಂಟನ್ನು ಕುಡಿಯುವುದು ಅವರು, ಪ್ರಪಂಚವನ್ನು ಉಳಿಸಲು ಬಿಟ್ಟುಕೊಡಬೇಕಾದದ್ದು ನನ್ನ ಕೋಣೆ. ಚೆನ್ನಾಗಿದೆ ನ್ಯಾಯ.

ನನ್ನ ಕೋಣೆ ಎಂದೆನಲ್ಲ, ಅದಿನ್ನೂ ನಾಲ್ಕು ಕಂಬ, ಕಬ್ಬಿಣದ ಸರಳುಗಳ ರೂಪದಲ್ಲಿ ತಾರಸಿಯ ಮೇಲೆ ನಿಂತಿತ್ತು. ನಾನು ದಿನಾ ಕೆ.ಆರ್. ಪುರದಲ್ಲಿ ಮೆಟ್ರೋ ಹತ್ತಿ ಕಮರ್ಷಿಯಲ್ ಸ್ಟ್ರೀಟಿಗೆ ಹೋಗುವವಳು. ಲುಬ್ನಾಳ ಬ್ಲೌಸ್ ಅಂಗಡಿಯಲ್ಲಿ ಎಂಬ್ರಾಯ್ಡರಿ ಕೆಲಸ. ಅವಳು ಒಂದು ಕಂಪ್ಯೂಟರ್ ಎಂಬ್ರಾಯ್ಡರಿ ಮಷೀನ್ ಕೊಂಡಿದ್ದಳು. ಅದನ್ನು ನಮ್ಮ ಮನೆಯ ಮೇಲೆ ಇಡುವುದು, ನಾನು ನಡೆಸುವುದು, ಬಂದದ್ದರಲ್ಲಿ ಸಮಪಾಲು. ಇನ್ನೊಬ್ಬರ ಅಂಗಡಿಯಲ್ಲಿ ಬೆನ್ನು ಬಗ್ಗಿಸಿ ನನಗೆ ಸಾಕಾಗಿತ್ತು. ಲುಬ್ನಾ ಒಂದೇ ಮಾತು ಹೇಳಿದ್ದಳು. "ಶಾದಿ ಸೀಸನ್ ಶುರು ಆಗೋದ್ರೊಳಗೆ ರೂಮ್ ರೆಡಿ ಮಾಡು ರಮ್ಯಾ. ಇಲ್ಲಾಂದ್ರೆ ಶಿವಾಜಿನಗರದಲ್ಲಿ ಮೊಹ್ಸಿನ್ ಭಾಯಿ ಗೋಡೌನಲ್ಲಿ ಇಳಿಸ್ತೀನಿ. ಮಷೀನ್ ಎಲ್ಲಿರತ್ತೋ ಕೆಲ್ಸಾನೂ ಅಲ್ಲೇ, ನಾನೇನ್ ಮಾಡ್ಲಿ."

ಹಾಗಾಗಿ ನನಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ. ರೈಲಿನಲ್ಲಿ ಸೀಟು ಸಿಕ್ಕರೂ ನಿಂತೇ ಹೋಗುತ್ತಿದ್ದೆ. ಮನೆಗೆ ಬಂದವಳೇ ತಾರಸಿಗೆ ಓಡಿ ಸರಳುಗಳನ್ನು ಮುಟ್ಟಿ ನೋಡುತ್ತಿದ್ದೆ, ಯಾರೋ ಕಿತ್ತುಕೊಂಡು ಹೋಗಿಬಿಡುತ್ತಾರೆ ಅನ್ನುವ ಹಾಗೆ.

ನಮ್ಮದು ಕೆರೆಯ ಕೆಳಗಿನ ಹಳೇ ಹಳ್ಳಿ, ಈಗ ಹಳ್ಳಿ ಅನ್ನಲು ಹೆಸರೊಂದೇ ಉಳಿದಿದೆ. ನಮ್ಮ ಕಾಲೋನಿಗೂ ಅವರ ಊರಿಗೂ ನಡುವೆ ಹಿಂದೆ ಉದ್ದಕ್ಕೂ ಗದ್ದೆಯಿತ್ತಂತೆ. ಈಗ ಇರುವುದು ಒಂದು ಗಲ್ಲಿ. ದಕ್ಷಿಣಕ್ಕೆ ನಾವು, ಉತ್ತರಕ್ಕೆ ಅವರು. ಆ ಗದ್ದೆಯನ್ನು ನಮ್ಮ ತಾತ ವಾರಕ್ಕೆ ಮಾಡುತ್ತಿದ್ದ. ಅಂದರೆ ಭೂಮಿ ಮುನಿಆಂಜನಪ್ಪನವರ ಮನೆಯದು, ದುಡಿಮೆ ನಮ್ಮದು, ಬೆಳೆದದ್ದರಲ್ಲಿ ಅರ್ಧ ಅವರ ಕಣಜಕ್ಕೆ.

ಇದನ್ನು ಅಪ್ಪ ಎಂದೂ ತಾನಾಗಿ ಹೇಳಿದವನಲ್ಲ. ಹೇಳಿಸಿದ್ದು ಈ ಪ್ಯಾನೆಲ್ಲುಗಳೇ. ಅವುಗಳನ್ನು ಹಾಕಿಸಿದ ಮೇಲೆ ಬಂದ ಮೊದಲ ಬಿಲ್ಲಿನಲ್ಲಿ ಕಟ್ಟಬೇಕಾದದ್ದೇನೂ ಇರಲಿಲ್ಲ. ಮುನಿಆಂಜನಪ್ಪನವರು ತಾರಸಿ ತೊಳೆಸಿ, ರಂಗೋಲಿ ಬಿಡಿಸಿ, ಪ್ಯಾನೆಲ್ಲಿಗೆ ರಾಶಿ ಪೂಜೆ ಮಾಡಿದರು. ಸುಗ್ಗಿಯಲ್ಲಿ ಕಣದ ಮೇಲೆ ಧಾನ್ಯದ ರಾಶಿಗೆ ಮಾಡುವ ಪೂಜೆ ಅದು. ಆಮೇಲೆ ಜಗನ್ ಕೈಯಲ್ಲಿ ನಮಗೊಂದು ಡಬ್ಬಿ ಸಿಹಿ ಪೊಂಗಲ್ ಕಳಿಸಿ, "ನಿಮ್ ಮನೆಗೂ ಒಂದು ವೈರ್ ಎಳೆಸ್ತಾರಂತೆ ತಾತ, ಒಂದು ಫ್ಯಾನು ಒಂದು ಬಲ್ಬು ಓಡೋ ಅಷ್ಟು. ಮೊದಲ ಬೆಳೇಲಿ ನಿಮಗೂ ಕೊಡ್ಬೇಕಲ್ಲ ಅಂದ್ರು" ಎಂದು ಹೇಳಿಸಿದ್ದರು.

"ನಮಗೂ ಮೀಟರ್ ಇದೆ ಅಂತ ಹೇಳಪ್ಪ" ಎಂದು ಅಪ್ಪ ಮೆಲ್ಲಗೆ ಹೇಳಿ ಅವನನ್ನು ಕಳಿಸಿದ. ಪೊಂಗಲ್ ತಿಂದ. ನಾನು ತಿನ್ನಲಿಲ್ಲ. ಯಾಕೆ ತಿಂದೆ ಎಂದು ಜಗಳ ತೆಗೆದಾಗ ಅಪ್ಪ ಬಾಯಿ ಬಿಟ್ಟದ್ದು.

"ಬಡಿಯೋದು, ತೂರೋದು, ರಾಶಿ ಮಾಡೋದು ಎಲ್ಲಾ ನಾವೇ. ಆದ್ರೆ ಪೂಜೆ ಆದ್ಮೇಲೆ ನಮ್ಮೋರು ಕಣ ತುಳಿಯೋ ಹಾಗಿರ್ಲಿಲ್ಲ. ಆಚೆ ನಿಂತಿರ್ಬೇಕು, ಕರೆದು ಪಾಲು ಸುರಿಯೋವರೆಗೂ. ಕೂರೋ ಹಾಗೂ ಇರ್ಲಿಲ್ಲ. ಚಿಕ್ಕೋನು ನಾನು, ಅಪ್ಪನ ಪಕ್ಕ ನಿಂತು ನಿಂತು ಕಾಲು ನೋಯ್ತಿತ್ತು." ಅಷ್ಟು ಹೇಳಿ ಡಬ್ಬಿ ತೊಳೆದು ಅವರ ಗೇಟಿನ ಮೇಲಿಟ್ಟು ಬಂದ.

ಜಗನ್ ಪರಿಹಾರದ ಮಾತಾಡಿ ಹೋದ ಮಾರನೇ ದಿನ ಮುನಿಆಂಜನಪ್ಪನವರೇ ಬಂದರು. ಎಂಬತ್ತರ ಹತ್ತಿರದ ವಯಸ್ಸು, ಬಿಳೀ ಪಂಚೆ, ಹೆಗಲ ಮೇಲೆ ಟವೆಲ್. ಅವರು ಎಂದೂ ನಮ್ಮ ಗೇಟಿನೊಳಗೆ ಕಾಲಿಟ್ಟವರಲ್ಲ. ಅಂದೂ ಗಲ್ಲಿಯಲ್ಲೇ ನಿಂತು ಕೂಗಿದರು.

"ರಾಜಾ, ಮೋಲ್ಡ್ ಯಾವತ್ತು ಹಾಕ್ಸ್ತಿದೀಯ?"

ಅಪ್ಪನ ಹೆಸರು ಮುನಿರಾಜಪ್ಪ. ಫ್ಯಾಕ್ಟರಿಯಲ್ಲಿ ಎಲ್ಲರ ಬಾಯಲ್ಲೂ ಮುನಿರಾಜಪ್ಪನವರೇ ಆಗಿದ್ದು ರಿಟೈರ್ ಆದವನು. ಈ ಗಲ್ಲಿಯಲ್ಲಿ ಮಾತ್ರ ರಾಜ.

"ಸೋಮವಾರ ಯಜಮಾನ್ರೇ."

"ನಿಲ್ಸಪ್ಪ. ನನ್ ಬಿಸಿಲು ಹೋಗತ್ತೆ."

ನನ್ ಬಿಸಿಲು ಅಂತೆ. ನಾನು ಬಾಗಿಲಿಗೆ ಬಂದೆ. ಅಪ್ಪ ಕೈ ಸನ್ನೆಯಲ್ಲೇ ನನ್ನನ್ನು ತಡೆದು, "ನೋಡೋಣ ಬಿಡಿ" ಎಂದ. ಅವರು ಹೋದಮೇಲೆ ಕೆಂಪರಾಜ್ ಮೇಸ್ತ್ರಿಗೆ ಫೋನ್ ಮಾಡಿ, ಚಾವಣಿಯ ಮೋಲ್ಡ್ ಸ್ವಲ್ಪ ತಡೆಯಲಿ ಎಂದೂ ಹೇಳಿಬಿಟ್ಟ.

"ಏನಪ್ಪಾ, ಅವ್ರ ಮುಂದೆ ನಿಂತ್ರೆ ನಾಲಿಗೆ ಬಿದ್ದೋಗತ್ತಾ ನಿಂಗೆ?"

"ಹೊಲ ಹೋಯ್ತು ಅವ್ರಿಗೆ. ಈಗ ಮಾಡೋಕೆ ಆ ಬಿಸಿಲೊಂದೇ ಇರೋದು."

"ನಮ್ಗೆ ಏನಿತ್ತು ಹೋಗೋಕೆ?"

ಗೋಡೆಯ ಮೇಲೆ ಬಾಬಾಸಾಹೇಬರ ಫೋಟೊ, ಅದರ ಪಕ್ಕ ಬುದ್ಧ, ಕೆಳಗೆ ಸೋಫಾದಲ್ಲಿ ಅಪ್ಪ. ಮೂವರೂ ಸುಮ್ಮನಿದ್ದರು. ನನ್ನ ಕಾಲು ಮಾತ್ರ ಹೊಲಿಗೆ ಮಷೀನಿನ ಪೆಡಲಿನ ಮೇಲಿದ್ದಂತೆ ತಾನಾಗಿ ಅಲ್ಲಾಡುತ್ತಿತ್ತು. ಮೂಟೆಯಲ್ಲೇ ಸಿಮೆಂಟು ಗಟ್ಟಿಯಾಗುವ ಯೋಚನೆ, ಮೊಹ್ಸಿನ್ ಭಾಯಿಯ ಗೋಡೌನಿನ ಯೋಚನೆ. ಅಪ್ಪ ಇನ್ನೊಂದು ಸಲ "ನೋಡೋಣ" ಅಂದರೆ ಮನೆ ಬಿಟ್ಟು ಹೋಗುತ್ತೇನೆ ಎಂದುಕೊಂಡೆ. ಎಲ್ಲಿಗೆ ಅನ್ನುವುದು ಹೊಳೆಯಲಿಲ್ಲ.

ರೂಮು ಎಲ್ಲಿಗೆ ಬಂತೆಂದು ಲುಬ್ನಾ ಅಂಗಡಿಯಲ್ಲಿ ಎರಡು ಸಲ ಕೇಳಿದಳು. ಎರಡು ಸಲವೂ ಸುಳ್ಳು ಹೇಳಿದೆ. ಮೂರನೆಯ ಸಲ ಅವಳು ಕೇಳಲಿಲ್ಲ. ಅದೇ ಹೆಚ್ಚು ಹೆದರಿಸಿತು.

ಶನಿವಾರ ಬೆಳಗ್ಗೆ ಹಲ್ಲುಜ್ಜುತ್ತಾ ತಾರಸಿಗೆ ಹೋದೆ. ಗಲ್ಲಿಯಾಚೆ ಮುನಿಆಂಜನಪ್ಪನವರು ಬಕೆಟ್ಟು, ಒದ್ದೆ ಬಟ್ಟೆ ಹಿಡಿದು ಪ್ಯಾನೆಲ್ಲುಗಳನ್ನು ಒಂದೊಂದಾಗಿ ಒರೆಸುತ್ತಿದ್ದರು. ಪ್ಯಾನೆಲ್ಲಿಗೆ ಅವರು ಹಲಗೆ ಎನ್ನುತ್ತಾರೆ. ಪಾರಿವಾಳದ ಹಿಕ್ಕೆಯನ್ನು ಉಗುರಿನಿಂದ ಕೆರೆದು, ಬಾಗಿ ನೋಡಿ, ಮತ್ತೆ ಒರೆಸಿದರು. ಮೋಡ ಬಂದರೆ ತಾರಸಿಯ ಮೇಲೆ ಅತ್ತಿಂದಿತ್ತ ನಡೆದಾಡುವವರು ಅವರು. ಮೊದಲೆಲ್ಲ ಮೋಡ ಬರಲಿಲ್ಲವೆಂದು ಹಾಗೆ ನಡೆದಾಡುತ್ತಿದ್ದರಂತೆ. ಅವರಿಗೂ ನನ್ನ ಹಾಗೆ ಕೂತಲ್ಲಿ ಕೂರಲಾಗುವುದಿಲ್ಲ ಎಂದು ಒಂದು ಗಳಿಗೆ ಅನ್ನಿಸಿತು. ಹಾಗೆ ಅನ್ನಿಸಿದ್ದಕ್ಕೇ ಕೋಪ ಇನ್ನಷ್ಟು ಏರಿತು.

ನನ್ನನ್ನು ನೋಡಿ, "ನಿನ್ನೆ ಹತ್ತೊಂಬತ್ತು ಯೂನಿಟ್ ಬಂತಮ್ಮ. ನಿಮ್ಮಪ್ಪ ಏನಂದ?" ಎಂದರು.

ಬಾಯಲ್ಲಿದ್ದ ಪೇಸ್ಟ್ ಉಗಿದೆ. ಉಗಿದ ಮೇಲೆ ಮಾತು ತಡೆಯಲಿಲ್ಲ.

"ನಮ್ಮಪ್ಪ ಏನೂ ಅನ್ನಲ್ಲ, ನಾನ್ ಹೇಳ್ತೀನಿ ಕೇಳಿ. ನನ್ ರೂಮ್ ಏಳತ್ತೆ. ಬಿಸಿಲು ಬೇಕಾದ್ರೆ ನಿಮ್ ಹಲಗೆ ತಂದು ನಮ್ ರೂಮ್ ಮೇಲೆ ಹಾಕ್ಕೊಳ್ಳಿ. ವಾರಕ್ಕೆ ಮಾಡಿ. ಜಾಗ ನಮ್ದು, ದುಡಿಮೆ ನಿಮ್ದು. ಅರ್ಧ ಬೆಳೆ ತಂದು ನಮ್ಮನೇಲಿ ಸುರೀರಿ."

ಬೈಗುಳ ಅದು. ನನಗೆ ಗೊತ್ತಿದ್ದದ್ದರಲ್ಲೇ ದೊಡ್ಡ ಬೈಗುಳ. ಊರ ಯಜಮಾನನಿಗೆ ನಮ್ಮ ಕಾಲೋನಿಯ ಮನೆಯಲ್ಲಿ ವಾರಕ್ಕಿರು ಎಂದು ನಾಲ್ಕು ತಾರಸಿಗೆ ಕೇಳುವ ಹಾಗೆ ಹೇಳಿದ್ದೆ. ಅವರು ಕಿರುಚಲಿ, ಕೆಳಗಿಳಿದು ಬರಲಿ, ಆದದ್ದಾಗಲಿ ಎಂದು ಕಾದೆ.

ಮುನಿಆಂಜನಪ್ಪನವರು ಬಟ್ಟೆ ಹಿಂಡಿದರು. ಬಕೆಟ್ಟಿನ ಅಂಚಿಗೆ ಒಣಗಲು ಹಾಕಿದರು. ನಮ್ಮ ತಾರಸಿಯನ್ನು ಆ ತುದಿಯಿಂದ ಈ ತುದಿಯವರೆಗೆ, ಗದ್ದೆ ನೋಡುವವರ ಹಾಗೆ ಕಣ್ಣಲ್ಲೇ ಅಳೆದರು.

"ಅರ್ಧ ಜಾಸ್ತಿಯಾಯ್ತು" ಎಂದರು.

ನನಗೆ ಏನು ಕೇಳಿಸುತ್ತಿದೆ ಎಂದೇ ತಿಳಿಯಲಿಲ್ಲ.

"ಬೀಜ ಗೊಬ್ಬರ ಭೂಮಿಯೋರು ಕೊಟ್ರೆ ಅರ್ಧ. ಇಲ್ಲಿ ಹಲಗೆ ನಂದು, ವೈರ್ ನಂದು, ಒರೆಸೋನೂ ನಾನು. ಮೂರರಲ್ಲಿ ಒಂದು ನಿಮ್ದು. ಅದು ಪದ್ಧತಿ."

"ನಮ್ ತಾತ ತನ್ನ ಬೀಜಾನೇ ಬಿತ್ತಿ ಅರ್ಧ ಕೊಟ್ಟಿದಾನೆ. ಆಗ ಎಲ್ಲಿತ್ತು ಪದ್ಧತಿ?"

ಇದು ನನಗೆ ಗೊತ್ತಿದ್ದ ಸಂಗತಿಯಲ್ಲ, ಸಿಟ್ಟಿನಲ್ಲಿ ಬಂದ ಮಾತು. ಆದರೆ ಅವರು ಇಲ್ಲ ಎನ್ನಲಿಲ್ಲ. ತಲೆ ತಗ್ಗಿಸಿ ಟವೆಲಿನ ಅಂಚು ಹಿಡಿದುಕೊಂಡರು. ಅಷ್ಟರಲ್ಲಿ ಗಲಾಟೆ ಕೇಳಿ ಅಪ್ಪ ಮೇಲೆ ಬಂದ, ಬನಿಯನ್ನಿನಲ್ಲೇ.

"ರಾಜಾ, ನಿನ್ ಮಗಳು ಅರ್ಧ ಅಂತಾಳೆ. ನೀನ್ ಹೇಳು" ಎಂದರು ಅವರು.

ಅಪ್ಪ ನನ್ನನ್ನು ನೋಡಿದ. ಸರಳುಗಳನ್ನು ನೋಡಿದ. ಈಗ "ನೋಡೋಣ" ಎನ್ನುತ್ತಾನೆ, ಮುಗಿಯಿತು ನನ್ನ ಕಥೆ ಎಂದುಕೊಂಡು ನಾನು ಪ್ಯಾರಾಪೆಟ್ ಗೋಡೆ ಹಿಡಿದುಕೊಂಡೆ.

"ಅರ್ಧ" ಎಂದ ಅಪ್ಪ. "ಮೀಟರ್ ನನ್ ಹೆಸರಲ್ಲಿ."

ಒಪ್ಪಿದರು. ಸಂಜೆ ಜಗನ್ ಬಂದು ಲೆಕ್ಕಾಚಾರ ಹೇಳಿದ: ಮನೆಗೂ ಮಷೀನಿಗೂ ನಾವು ಬಳಸಿದ್ದು ನಮ್ಮ ಪಾಲು, ಮಿಕ್ಕಿ ಸರ್ಕಾರದ ಲೈನಿಗೆ ಹೋದದ್ದರ ದುಡ್ಡು ಅವರ ಪಾಲು, ಹೆಚ್ಚುಕಮ್ಮಿಯಾದರೆ ವರ್ಷದ ಕೊನೆಗೆ ಕೂತು ಸರಿಮಾಡಿಕೊಳ್ಳುವುದು. ಈ ಸಲ ಅವನು ಪ್ರಪಂಚದ ಸುದ್ದಿ ಎತ್ತಲಿಲ್ಲ. ನಾನೇ ಕೇಳಿದೆ, ಜರ್ಮನಿಯಲ್ಲಿ ವಾರಕ್ಕೆ ಕೊಡುತ್ತಾರಾ ಎಂದು. ಗೊತ್ತಿಲ್ಲ ಎಂದು ನಕ್ಕ.

ಸೋಮವಾರ ಮೋಲ್ಡ್ ಬಿತ್ತು. ಗೋಡೆ ಪ್ಲಾಸ್ಟರ್ ಒಣಗುವ ಮುಂಚೆಯೇ ಲುಬ್ನಾ ಮಷೀನ್ ತಂದು ಇಳಿಸಿದಳು. ಹಲಗೆಗಳು ಗಲ್ಲಿ ದಾಟಿ ನನ್ನ ಕೋಣೆಯ ನೆತ್ತಿ ಹತ್ತಿದವು. ಅರ್ಜಿ, ಪರೀಕ್ಷೆ, ಹೊಸ ಮೀಟರ್ ಎಂದು ಕರೆಂಟ್ ಆಫೀಸಿನವರು ಅಪ್ಪನನ್ನು ಓಡಾಡಿಸಿದರು. ಅಪ್ಪ ಇಸ್ತ್ರಿ ಷರ್ಟು ಹಾಕಿಕೊಂಡು ಓಡಾಡಿದ. ಬೆಳಗ್ಗೆ ಒರೆಸಲು ಜಗನ್ ಬರುತ್ತಿದ್ದ. ತಾತನಿಗೆ ಮಂಡಿನೋವು, ಅಷ್ಟು ಮೆಟ್ಟಿಲು ಹತ್ತಲಾರರು ಎಂದ. ನಾನು ನಂಬಲಿಲ್ಲ. ನಮ್ಮ ಗೇಟು ದಾಟಲಾರರು ಎಂದೇ ನನ್ನ ಲೆಕ್ಕ.

ಮೊದಲ ಬಿಲ್ಲು ಬಂದ ದಿನ ಅವರು ಬಂದರು.

ನಾನು ಮಷೀನಿನ ಮುಂದಿದ್ದೆ. ಮದುಮಗಳ ಬ್ಲೌಸಿನ ತೋಳಿಗೆ ಜರಿ ನವಿಲು ಬೀಳುತ್ತಿತ್ತು. ತೆರೆದ ಬಾಗಿಲಿನಿಂದ ಮೇಲೆ ಹೋಗುವ ಕಬ್ಬಿಣದ ಏಣಿಮೆಟ್ಟಿಲು ಪೂರ್ತಿ ಕಾಣುತ್ತದೆ. ಮುನಿಆಂಜನಪ್ಪನವರು ಕೈಯಲ್ಲಿ ಪೊಂಗಲ್ ಡಬ್ಬಿ ಹಿಡಿದು, ಮಂಡಿ ಹಿಡಿದುಕೊಂಡು, ಒಂದೊಂದೇ ಮೆಟ್ಟಿಲು ಹತ್ತಿದರು. ಮಂಡಿನೋವು ನಿಜವೇ ಇತ್ತು. ಚಪ್ಪಲಿ ಕೆಳಗೆ ಗೇಟಿನ ಹತ್ತಿರವೇ ಬಿಟ್ಟಿದ್ದರು. ಕೊನೆಯ ಮೆಟ್ಟಿಲಿಗೆ ಬಂದು ನಿಂತರು. ನಾನು ಮಷೀನ್ ನಿಲ್ಲಿಸಿ ಆಚೆ ಬಂದು ಮೇಲೆ ನೋಡಿದೆ. ಮೇಲೆ ಅಪ್ಪ ಹಲಗೆಗಳ ನಡುವೆ ನಿಂತು ಒರೆಸಿದ್ದು ಸಾಲದೇನೋ ಎಂಬಂತೆ ನೋಡುತ್ತಿದ್ದ.

ಇನ್ನೊಂದು ಹೆಜ್ಜೆ ಇಟ್ಟರೆ ಅವರು ನಮ್ಮ ತಾರಸಿಯ ಮೇಲೆ. ಇಡಲಿಲ್ಲ. ಅಲ್ಲಿ ನಿಲ್ಲಿ ಎಂದು ಅವರಿಗೆ ಯಾರೂ ಹೇಳಿರಲಿಲ್ಲ. ಕಣದ ಪದ್ಧತಿ ನಮಗಿಂತ ಚೆನ್ನಾಗಿ ಗೊತ್ತಿದ್ದವರು ಅವರೇ. ಕರೆಯುವವರೆಗೆ ವಾರದವನು ಆಚೆ ನಿಲ್ಲಬೇಕು.

"ರಾಜಪ್ಪ, ಬಿಲ್ ಬಂತಂತೆ" ಎಂದರು.

ಅಪ್ಪ ತಿರುಗಿ ನೋಡಿದ. ಕರೆಯಲಿಲ್ಲ. ಇದೇ ನೋಟಕ್ಕಾಗಿ ನಾನು ಕಾದಿದ್ದೆ, ಸುಳ್ಳು ಯಾಕೆ ಹೇಳಲಿ. ಬಿಸಿಲು ನೆತ್ತಿಗೇ ಹೊಡೆಯುತ್ತಿತ್ತು. ಅಪ್ಪ ಅವರ ಮುಖ ನೋಡುತ್ತಿರಲಿಲ್ಲ, ಕಾಲು ನೋಡುತ್ತಿದ್ದ.

"ನಿಂತ್ರೆ ಕಾಲು ನೋಯತ್ತೆ. ನಂಗೊತ್ತು" ಎಂದ ಅಪ್ಪ. "ಬನ್ನಿ ಒಳಕ್ಕೆ."

ಬಂದು ಕೈಕೊಟ್ಟು ಆ ಒಂದು ಹೆಜ್ಜೆ ಹತ್ತಿಸಿಕೊಂಡ. ನಾನಾಗಿದ್ದರೆ ಇನ್ನೂ ಸ್ವಲ್ಪ ಹೊತ್ತು ನಿಲ್ಲಿಸುತ್ತಿದ್ದೆ.