ಕತ್ತರಿಸಿದ ಅಳು

"ಅಳು ಜೋರಾದ್ರೆ ಆಫ್ ಮಾಡ್ಲಾ?" ಕ್ಯಾಮೆರಾವನ್ನು ಸ್ಟ್ಯಾಂಡಿಗೆ ಸಿಕ್ಕಿಸುತ್ತ ಸ್ಟುಡಿಯೊದ ಸಹಾಯಕ ಆಲ್ರೊಯ್ ಕೇಳಿದ. "ಅಲೋಶಿಯಸ್ ಅಂಕಲ್ ನಂಗೆ ಹಾಗೇ ಕಲಿಸಿದ್ದು."

ಡೆಲ್ಮಾ ಗುಂಡಿಯತ್ತ ತಿರುಗಿದಳು. ಪಪ್ಪ ಅಲೋಶಿಯಸರ ಶವಪೆಟ್ಟಿಗೆ ಗುಂಡಿಯ ಪಕ್ಕ ಮರಳಿನ ಮೇಲಿತ್ತು. ಸತ್ತರೆ ನನ್ನನ್ನು ಕಾರ್ಗೊ ಮಾಡಿ ಊರಿಗೆ ಕಳಿಸಬೇಡಿ, ಇಲ್ಲೇ ಕುವೈತಿನಲ್ಲೇ ಹೂಳಿ ಎಂದು ಅವರು ಹೇಳಿಟ್ಟಿದ್ದರು. ಮಂಗಳೂರಿನಲ್ಲಿ ಹಾಸಿಗೆ ಹಿಡಿದಿರುವ ಮಮ್ಮಿಗೆ ಈ ವಿಡಿಯೊವೇ ಕೊನೆಯ ನೋಟ. ಬೆಳಗಿನಿಂದ ಡೆಲ್ಮಾಳ ಕಣ್ಣಲ್ಲಿ ಒಂದು ಹನಿಯೂ ಬಂದಿರಲಿಲ್ಲ. ದುಃಖವಾಗಿದೆಯೋ ಇಲ್ಲವೋ, ಅದೇ ಅವಳಿಗೆ ತಿಳಿಯುತ್ತಿರಲಿಲ್ಲ.

ಅವಳ ಬೆನ್ನ ಹಿಂದೆ ವೈಲೆಟ್ ಆಂಟಿ ಯಾರಿಗೋ ಹೇಳುತ್ತಿದ್ದರು: "ನನ್ನ ಮದುವೆ ವಿಡಿಯೊದಲ್ಲಿ ಅಲೋಶಿಯಸ್ ನಾದಿನಿಯನ್ನೇ ಕಟ್ ಮಾಡಿದ್ದ ಮಾರಾಯ್ತಿ. ಪುಣ್ಯಾತ್ಮ."

"ನೀವು ಎಡಿಟರ್ ಸಾಹೇಬರ ಮಗಳೇನು?"

ತಲೆ ಮೇಲೆ ಸೆರಗು ಹೊದ್ದ ನಡುವಯಸ್ಸಿನ ಹೆಂಗಸು. "ನಾ ಮಂಗಳಾ, ಬಾಗಲಕೋಟಿ ಕಡಿಯಾಕಿ. ನಮ್ಮನಿಯವರು ಮೀನಾ ಅಲ್ ಅಹ್ಮದಿ ರಿಫೈನರಿಯೊಳಗ ಫಿಟ್ಟರ್ ಇದ್ರು. ಅವರು ತೀರಿಕೊಂಡಾಗ ವಿಡಿಯೊ ಮಾಡಿದ್ದು ನಿಮ್ಮಪ್ಪಾರು."

"ಓ. ಥ್ಯಾಂಕ್ಸ್ ಆಂಟಿ, ಬಂದದ್ದಕ್ಕೆ."

"ಥ್ಯಾಂಕ್ಸ್ ಇರ್ಲಿ ಬಿಡವ್ವ. ಬೈಯಾಕ ಬಂದೀನೋ ಅಳಾಕ ಬಂದೀನೋ, ನನಗ ಗೊತ್ತಿಲ್ಲ."

"ಎಂತ ಆಯ್ತು?"

"ತುಂಬಿದ ಬಸುರಿ ಇದ್ದೆ, ವಿಮಾನ ಹತ್ತಿಸಲಿಲ್ಲ. ಹೆಣ ಊರಿಗೆ ಹೋತು. ನನ್ನ ಅಳು ವಿಡಿಯೊದಾಗ ಹೋಗಬೇಕಿತ್ತು. ನಮ್ಮ ಕಡೆ ಸತ್ತವರ ಗುಣ ಹಾಡ್ಯಾಡಿ ಅಳ್ತೀವಿ. ಅಷ್ಟೂ ಕತ್ತರಿಸಿಬಿಟ್ಟಿದ್ರು. ನಮ್ಮತ್ತಿ ಪಾರ್ವತೆವ್ವ ಓಣಿ ಮಂದೀನ್ನೆಲ್ಲ ಕೂಡಿಸಿ ನೋಡಿದಳು. ವಿಡಿಯೊದಾಗ ಸೊಸಿ ಬಾಯಿ ಮುಚ್ಚಿಕೊಂಡು ನಿಂತಾಳ. ಸಾಯೋತನಕ ಆಕಿ ನನ್ನ ಜೋಡಿ ಮಾತಾಡಲಿಲ್ಲ."

"ಪಪ್ಪಂಗೆ ಹೇಳಿದ್ರಾ?"

"ಹೇಳಿದೆ. ಚಾ ಕುಡಿಸಿದ್ರು. ಅಷ್ಟ."

*

ವರ್ಷಗಳ ಹಿಂದೆ, ಕುವೈತಿನ ಖೈತಾನಿನಲ್ಲಿದ್ದ ಪಪ್ಪನ ಸ್ಟುಡಿಯೊದಲ್ಲಿ ಪುಟ್ಟ ಡೆಲ್ಮಾ ಪರದೆಯ ಮುಂದೆ ಕೂತಿದ್ದಳು. "ಪಪ್ಪಾ, ಆ ಆಂಟಿ ಅಳ್ತಾ ಇದ್ರಲ್ಲ. ಎಲ್ಲಿ ಹೋದ್ರು?"

"ಅಳು ಉದ್ದ ಆಗ್ಬಾರ್ದು ಮಗಾ. ಹೆಲ್ಗಾ ಮೇಡಂ ಕಲಿಸಿದ್ದು."

ಹೆಲ್ಗಾ ಮ್ಯೂನಿಕ್‌ನವಳು. ಯುದ್ಧ ಮುಗಿದ ಮೇಲಿನ ಜರ್ಮನಿಯಲ್ಲಿ ಬೆಟ್ಟ, ಹಾಡು, ಮದುವೆಗಳ ಸಿನಿಮಾಗಳನ್ನು ಒಂದರ ಹಿಂದೊಂದು ಎಡಿಟ್ ಮಾಡಿದವಳು. ವಯಸ್ಸಾದ ಮೇಲೆ ಕುವೈತಿನ ಜಾಹೀರಾತು ಕಂಪನಿಯೊಂದಕ್ಕೆ ಬಂದು, ಅಲ್ಲಿ ಟೈಪಿಸ್ಟ್ ಆಗಿದ್ದ ಅಲೋಶಿಯಸರ ಕೈಗೆ ಫಿಲ್ಮ್ ಕೊಟ್ಟು ಎಡಿಟಿಂಗ್ ಕಲಿಸಿದಳು. ಆ ಸಿನಿಮಾಗಳಿಗೆ ಟಿಕೆಟ್ ಕೊಂಡವರೆಲ್ಲ ಯುದ್ಧದಲ್ಲಿ ಮನೆಯ ಯಾರನ್ನೋ ಕಳೆದುಕೊಂಡವರೇ. ವಿಧವೆಯ ತುಟಿ ನಡುಗುವ ಮೊದಲೇ ನಾನು ಹೂದೋಟ ತೋರಿಸುತ್ತಿದ್ದೆ ಎನ್ನುತ್ತಿದ್ದಳಂತೆ.

"ಹೆಲ್ಗಾಗೆ ಯಾರು ಸತ್ತಿದ್ರು?"

"ಅಣ್ಣ."

"ಅವಳು ಅತ್ತಿದ್ಳಾ?"

ಪಪ್ಪ ಹೆಡ್‌ಫೋನ್ ಹಾಕಿಕೊಂಡರು.

*

ಪಾದ್ರಿಯ ಪ್ರಾರ್ಥನೆ ಮುಗಿದು ಪಪ್ಪನ ಪೆಟ್ಟಿಗೆ ಗುಂಡಿಗೆ ಇಳಿಯಿತು.

"ಆಂಟಿ, ನಂಗೆ ಅಳು ಬರ್ತಾ ಇಲ್ಲ," ಡೆಲ್ಮಾ ಮಂಗಳಾಳ ಕಿವಿಯಲ್ಲಿ ಪಿಸುಗುಟ್ಟಿದಳು. "ಮಮ್ಮಿ ನನ್ನ ಮುಖ ನೋಡಿ ಎಂತ ತಿಳ್ಕೊಳ್ತಾರೆ?"

ಮಂಗಳಾ ಅವಳನ್ನೇ ನೋಡಿದಳು. ಗುಂಡಿಯ ಅಂಚಿಗೆ ಹೋಗಿ ಕುಕ್ಕರಗಾಲಲ್ಲಿ ಕೂತಳು.

"ಏ ನನ್ನಪ್ಪಾ, ನನ್ನ ದನಿ ಕೊಯ್ದಾವನ, ಚಾ ಕೊಟ್ಟ ಕೈ ಎಲ್ಲಿ ಇಟ್ಟಿಯೋ…"

ಬೈಗುಳವೋ ಹಾಡೋ ತಿಳಿಯದಂತೆ ದನಿ ಏರುತ್ತ ಹೋಯಿತು. ವೈಲೆಟ್ ಆಂಟಿ ಪಕ್ಕದವರ ಮುಖ ನೋಡಿದರು. ಆಲ್ರೊಯ್‌ನ ಬೆರಳು ಕ್ಯಾಮೆರಾದ ಬಟನ್ನಿನತ್ತ ಸರಿಯಿತು. ಡೆಲ್ಮಾ ಅವನ ಮಣಿಕಟ್ಟು ಹಿಡಿದಳು, ಬಿಡಲಿಲ್ಲ.

ಗುಂಡಿ ಮುಚ್ಚಲು ಕಾದಿದ್ದ ಬಂಗಾಲಿ ಕೆಲಸಗಾರರಿಗೆ ಈ ಭಾಷೆ ತಿಳಿಯದು. ಒಬ್ಬ ತಲೆಗೆ ಸುತ್ತಿದ್ದ ಟವೆಲ್ ಬಿಚ್ಚಿದ. ಇನ್ನೊಬ್ಬ ತುಂಬಿದ ಸಲಿಕೆಯನ್ನು ಅರ್ಧಕ್ಕೇ ಎತ್ತಿ ಹಿಡಿದು ನಿಂತುಬಿಟ್ಟ. ಅದರ ಅಂಚಿನಿಂದ ಮರಳು ಸಣ್ಣಗೆ ಜಾರುತ್ತಲೇ ಇತ್ತು.