ತಮ್ಮ ಕೂತ ಜಗಲಿ

ಲತಾಯಿ ಸೋದರತ್ತೆಯ ಎಡಗಾಲಿಗೆ ಕೊಬ್ಬರಿ ಎಣ್ಣೆ ತೀಡಿ ಬಲಗಾಲನ್ನು ಎತ್ತಿಕೊಳ್ಳುವಷ್ಟರಲ್ಲಿ ಅಂಗಳದಲ್ಲಿ ಕಾರು ನಿಂತಿತು.

"ಬಂದ್ರು," ಎಂದಳು ಅತ್ತೆ ತೋವಾಕಾಸೆ. "ಒರೆಸೇ ಬೇಗ. ಕೋರ್ಟಿನೋರ ಮುಂದೆ ಹುರಿದ ಮೀನಿನ ಹಾಗೆ ಹೊಳೀಬಾರ್ದು."

ಸೊಂಟ ಮುರಿದ ಮೇಲೆ ಅತ್ತೆ ಹಾಸಿಗೆ ಬಿಟ್ಟು ಎದ್ದಿರಲಿಲ್ಲ. ಹಾಗಾಗಿ ಭೂ ನ್ಯಾಯಾಲಯವೇ ಹೇಳಿಕೆ ಬರೆದುಕೊಳ್ಳಲು ಕಮಿಷನರೊಬ್ಬರನ್ನು ಮನೆಗೆ ಕಳಿಸಿತ್ತು. ದಾವೆ ಹೂಡಿದವನು ಅತ್ತೆಯ ಗಂಡನ ಮೊದಲ ಹೆಂಡತಿಯ ಮಗ. ಟೊಂಗಾದ ಕಾನೂನಿನಂತೆ, ಸತ್ತ ಗಂಡನ ಜಮೀನು ವಿಧವೆಗೆ ಅವಳ ಉಸಿರಿರುವ ತನಕ. ಬೇರೆ ಗಂಡಸಿನೊಡನೆ ಇದ್ದಳೆಂದು ರುಜುವಾದರೆ ಅಲ್ಲಿಗೆ ಮುಗಿಯಿತು. ತೋಟದ ಗೆಣಸು ನೋಡಿಕೊಳ್ಳುತ್ತಿದ್ದ ಪಿಟಾ ತೀರಿಕೊಂಡು ವರ್ಷಗಳಾಗಿದ್ದರೂ ಅವನ ಹೆಸರು ದಾವೆಯಲ್ಲಿತ್ತು.

ಕಮಿಷನರಮ್ಮ ಮಂಚದ ಪಕ್ಕ ಕುರ್ಚಿ ಎಳೆದುಕೊಂಡರು. ವಕೀಲರಿಬ್ಬರೂ ಚಾಪೆಯ ಮೇಲೆ ಕೂತರು. ಅತ್ತೆಯ ವಕೀಲ ಟೆವಿಟಾ ಆಕ್ಲೆಂಡಿನಲ್ಲಿ ಬೆಳೆದ ಹುಡುಗ. "ಅಜ್ಜಿ, ನಿಮಗೆ ಧೈರ್ಯಕ್ಕಿರ್ಲಿ ಅಂತ ನಿಮ್ಮ ತಮ್ಮನ್ನೂ ಕರ್ಕೊಂಡ್ಬಂದಿದೀನಿ," ಎಂದ ಹೆಮ್ಮೆಯಿಂದ.

ಲತಾಯಿ ತಿರುಗಿ ನೋಡಿದಳು. ತೆರೆದ ಬಾಗಿಲಾಚೆ ಜಗಲಿಯ ಮೇಲೆ ಅವಳ ಅಪ್ಪ ಕಿಟಿಯೋನೆ, ಕೋರ್ಟಿನವರ ಮರ್ಯಾದೆಗೆಂದು ಸೊಂಟಕ್ಕೆ ಹೊಸ ಚಾಪೆ ಸುತ್ತಿಕೊಂಡು, ಬೆನ್ನು ತಿರುಗಿಸಿ ಕೂತಿದ್ದ. ಅಕ್ಕ ಮಲಗುವ ಕೋಣೆಯ ಹೊಸ್ತಿಲನ್ನು ಅವನು ಎಂದೂ ತುಳಿದವನಲ್ಲ. ಆದರೆ ಜಗಲಿಗೆ ಪ್ರತಿ ಮಾತೂ ಕೇಳಿಸುತ್ತಿತ್ತು. ತಮ್ಮನ ಕಿವಿಗೆ ಬೀಳುವಂತೆ ಹಾಸಿಗೆಯ ಮಾತು, ಗಂಡಸಿನ ಮಾತು ಟೊಂಗಾದ ಯಾವ ಅಕ್ಕನೂ ಆಡುವುದಿಲ್ಲ.

"ಅಮ್ಮಾ," ಎಂದ ಎದುರು ವಕೀಲ ಬಹಳ ವಿನಯದಿಂದ, "ಪಿಟಾ ಈ ಮನೇಲಿ ರಾತ್ರಿ ಉಳ್ಕೊಳ್ತಿದ್ನಾ?"

ಜಗಲಿಯಿಂದ ಒಂದು ಕೆಮ್ಮು ಕೇಳಿಸಿತು. ಅಪ್ಪನೂ ಇಂಥ ಪ್ರಶ್ನೆ ಎಣಿಸಿರಲಿಲ್ಲ. ಈಗ ಎದ್ದರೆ ಪ್ರಶ್ನೆ ಅರ್ಥವಾಯಿತೆಂದು ತೋರಿಸಿಕೊಂಡಂತೆ. ಕೂತೇ ಇದ್ದ.

ಅತ್ತೆ ಗೋಡೆಯ ಕಡೆ ಮುಖ ತಿರುಗಿಸಿದಳು.

"ಉತ್ತರ ಬರದಿದ್ರೆ ಹಾಗೇ ಬರ್ಕೋಬೇಕಾಗತ್ತಮ್ಮ," ಎಂದರು ಕಮಿಷನರು. "ವಕೀಲ್ರು ಇನ್ನೊಂದ್ಸಲ ಕೇಳ್ಲಿ."

ಲತಾಯಿ ಟೆವಿಟಾನ ಕಿವಿಯಲ್ಲಿ ಪಿಸುಗುಟ್ಟಿದಳು, "ಅಪ್ಪನ್ನ ಹೇಗಾದ್ರೂ ಕಳ್ಸು."

"ಯಾಕೆ?" ಎಂದ ಅವನು ಎಲ್ಲರಿಗೂ ಕೇಳುವಂತೆ. "ಪಾಪ, ಬೆಂಬಲಕ್ಕೆ ಬಂದಿದಾರಲ್ಲ!"

ಎದುರು ವಕೀಲ ತಲೆ ತಗ್ಗಿಸಿ ಚಾಪೆಯ ಹೆಣಿಗೆ ನೋಡುತ್ತಾ ನಕ್ಕ. ಲತಾಯಿ ಬಾಯಿ ಬಿಟ್ಟು ಹೇಳುವಂತಿಲ್ಲ. ಹೇಳಿದರೆ ಅವಳೂ ಅಪ್ಪನೆದುರು ಅದೇ ಮಾತಾಡಿದ ಹಾಗೆ.

ಅವಳು ಎದ್ದು ಮೂಲೆಯಲ್ಲಿದ್ದ ಅತ್ತೆಯ ಪೆಟ್ಟಿಗೆ ತೆರೆದಳು. ಅತ್ತೆಯ ಒಳಲಂಗ, ಹಾಸಿಗೆ ವಸ್ತ್ರ, ರವಿಕೆ, ಎಲ್ಲವನ್ನೂ ಬಾಚಿ ತೆಗೆದಳು. ತಳದಲ್ಲಿ ಗಂಡಸಿನ ಬಣ್ಣ ಮಾಸಿದ ನೀಲಿ ಅಂಗಿಯೊಂದು ಕೈಗೆ ತಗುಲಿತು. ಮಾವ ಎಂದೂ ನೀಲಿ ತೊಟ್ಟವನಲ್ಲ. ಇಸ್ತ್ರಿಯ ಮಡಿಕೆ ಇನ್ನೂ ಚೂಪಾಗಿತ್ತು. ಅದನ್ನು ಹಾಗೇ ಒತ್ತಿಟ್ಟು ಮುಚ್ಚಳ ಹಾಕಿದಳು. ಉಳಿದದ್ದನ್ನು ಹೊತ್ತುಕೊಂಡು ಹೊರಗೆ ಹೋಗಿ, ಒಗೆದು ಒಣಗಿದ್ದ ಬಟ್ಟೆಯನ್ನೆಲ್ಲ ಜಗಲಿಯ ಎದುರಿನ ಹಗ್ಗಕ್ಕೆ ಅಗಲವಾಗಿ ಹರವತೊಡಗಿದಳು.

"ಬಿಸಿಲು ಚೆನ್ನಾಗಿದೆ ಅಪ್ಪ," ಎಂದಳು ಹಗ್ಗದ ಕಡೆ ನೋಡುತ್ತಾ.

ಅಕ್ಕನ ಒಳಲಂಗ ಗಾಳಿಗೆ ಉಬ್ಬಿತು. ಕಿಟಿಯೋನೆ ತಟ್ಟನೆ ಕಣ್ಣು ತಗ್ಗಿಸಿ ಎದ್ದ. ಅವನ ಮುಖದಲ್ಲಿ ಬಿಡುಗಡೆಯಿತ್ತು. "ಚರ್ಚಿನ ಹತ್ರ ಹೋಗಿ ಬರ್ತೀನಿ," ಎಂದು ಬಿರಬಿರನೆ ನಡೆದ.

ಗೇಟಿನ ಸದ್ದು ಕೇಳಿದ್ದೇ ಒಳಗಿನಿಂದ ಅತ್ತೆಯ ದನಿ ಎದ್ದಿತು. "ಈಗ ಕೇಳಪ್ಪಾ. ಪಿಟಾ ಉಳ್ಕೊಂಡಿದ್ದ. ಚಂಡಮಾರುತ ಬಂದಾಗ, ಅಡುಗೆಮನೇಲಿ, ಹಂದಿಮರಿಗಳ ಜೊತೆ. ಅವುಗಳ್ನೂ ಸಾಕ್ಷಿಗೆ ಕರೀತೀಯಾ?"

ಕಮಿಷನರು ನಗು ತಡೆದುಕೊಂಡರು. ಎದುರು ವಕೀಲ ಬಿಡಲಿಲ್ಲ. "ಬೇರೆ ಯಾವತ್ತಾದ್ರೂ?"

"ಇಲ್ಲ."

ಆ ಒಂದು ಮಾತು ಬಹಳ ಬೇಗ ಬಂತು. ಹಗ್ಗದ ಹತ್ತಿರ ಲತಾಯಿಯ ಕೈ ಅರೆಕ್ಷಣ ನಿಂತಿತು. ಒಳಗೆ ಅದನ್ನೂ ಬರೆದುಕೊಂಡರು.

ಎಲ್ಲರೂ ಹೋದ ಮೇಲೆ ಅವಳು ಬಟ್ಟೆ ಮಡಿಸಿ ಪೆಟ್ಟಿಗೆ ತುಂಬಿದಳು. ಅತ್ತೆ ಕಣ್ಣು ಕದಲಿಸದೆ ನೋಡುತ್ತಿದ್ದಳು.

"ಎಲ್ಲಾ ಇದ್ದಲ್ಲೇ ಇಟ್ಯಾ?"

"ಇದ್ದಲ್ಲೇ ಇದೆ, ಅತ್ತೆ."

"ಹಾಗಾದ್ರೆ ಬಾ. ಈ ಕಾಲು ಉಳೀತಲ್ಲ."

ಲತಾಯಿ ಅಂಗೈಗೆ ಎಣ್ಣೆ ಸುರಿದುಕೊಂಡಳು. ಮುಂದೊಂದು ದಿನ, ಉಸಿರು ನಿಂತ ಮೇಲೆ, ಈ ಮೈಯನ್ನು ತೊಳೆದು ಮರದ ತೊಗಟೆಯ ಬಟ್ಟೆಯಲ್ಲಿ ಸುತ್ತುವ ಕೆಲಸ ತನ್ನದೇ. ಆಗ ತಲೆಯ ಕೆಳಗೆ ಆ ನೀಲಿ ಅಂಗಿಯನ್ನು ಮಡಿಸಿ ಇಡಬೇಕು, ಮಡಿಕೆ ಕೆಡದ ಹಾಗೆ. ಅವಳು ಅತ್ತೆಯ ಬಲಗಾಲನ್ನು ಮಡಿಲಿಗೆ ಎಳೆದುಕೊಂಡು ಮೀನಖಂಡದಿಂದ ತೀಡತೊಡಗಿದಳು.